ದೊಡ್ಡಪ್ಪ ಮಂತ್ರಿಯಾದ ಬಗೆ

ಮಧುಗಿರಿಯ ನಮ್ಮ ಮನೆಯ ಒಳ್ಳೆಯ ಭಾಗವೆಲ್ಲ ದೊಡ್ಡಪ್ಪನದು. ಬೀದಿಗೆ ತೆರೆದ ಜಗಲಿಯ ಮೇಲೆ ಅವರ ಕಕ್ಷಿಗಾರರು ಕಾಯುತ್ತಿದ್ದರು. ಪಡಸಾಲೆಯಲ್ಲಿ ಅವರ ಮೇಜು, ಅವರ ಕೈಕುರ್ಚಿ, ಕಾನೂನು ಪುಸ್ತಕಗಳ ಬೀರು. ಪಡಸಾಲೆಯ ಬಲಕ್ಕೆ ಅವರು ಕೋರ್ಟಿನಿಂದ ಬಂದು ಮಲಗುವ ಕೋಣೆ. ಎರಡು ಕಿಟಕಿ ಇದ್ದದ್ದು ಅದೊಂದಕ್ಕೇ. ಉಳಿದವರು, ಅಂದರೆ ಅವರ ಹೆಂಡತಿ ನನ್ನ ದೊಡ್ಡಮ್ಮ, ಅವರ ತಮ್ಮ ನನ್ನ ಅಪ್ಪ, ಅಮ್ಮ ಮತ್ತು ನಾನು, ಅಡುಗೆಮನೆ, ಅದಕ್ಕೆ ಅಂಟಿಕೊಂಡ ಕತ್ತಲೆ ಕೋಣೆ, ಹಿತ್ತಿಲು, ಇಷ್ಟರಲ್ಲಿ ಬದುಕುತ್ತಿದ್ದೆವು. ಬೇಸಿಗೆಯಲ್ಲಿ ಬೆಟ್ಟದ ಬಂಡೆ ಹಗಲೆಲ್ಲ ಕಾದು ಸಂಜೆಯ ಹೊತ್ತಿಗೆ ಆ ಬಿಸಿಯನ್ನು ನಮ್ಮ ಹಿತ್ತಿಲ ಮೇಲೆ ಉಗುಳುತ್ತಿತ್ತು. ಆಗ ಅಮ್ಮ ದೊಡ್ಡಪ್ಪನ ಕಿಟಕಿಗೆ ಕಟ್ಟಿದ ಲಾವಂಚದ ತಟ್ಟಿಗೆ ನೀರು ಚಿಮುಕಿಸಿ ಬರಬೇಕು. ತನ್ನ ಕೋಣೆಗೂ ಒಂದು ತಟ್ಟಿ ಕಟ್ಟಿಕೊಳ್ಳಬಹುದೆಂದು ಅಮ್ಮನಿಗೆ ಎಂದೂ ಹೊಳೆಯಲಿಲ್ಲ. ಹೊಳೆದಿದ್ದರೂ ಕಟ್ಟಲು ಅಲ್ಲಿ ಕಿಟಕಿ ಇರಲಿಲ್ಲ.

ಊಟದಲ್ಲೂ ಇದೇ ವ್ಯವಸ್ಥೆ. ದೊಡ್ಡಪ್ಪ ಪೂಜೆ ಮುಗಿಸಿ, ಹಣೆಗೆ ಮೂರು ಬೆರಳಿನ ವಿಭೂತಿ ಎಳೆದುಕೊಂಡು, ಮಣೆಯ ಮೇಲೆ ಒಬ್ಬರೇ ಕೂರುತ್ತಿದ್ದರು. ಅವರಿಗೆ ಸಣ್ಣಕ್ಕಿ ಅನ್ನ, ತುಪ್ಪ, ಎರಡು ಪಲ್ಯ. ಅವರು ಎದ್ದ ಮೇಲೆ ಅಪ್ಪನಿಗೆ ಮುದ್ದೆ, ಅಪ್ಪ ಎದ್ದ ಮೇಲೆ ನಮಗೆ ಮುದ್ದೆ. ಮಿಡಿಗೇಶಿಯ ಹತ್ತಿರ ನಮ್ಮ ಹೊಲವಿತ್ತು. ಅಪ್ಪ ವಾರದಲ್ಲಿ ನಾಲ್ಕು ದಿನ ಅಲ್ಲಿಯೇ ಇದ್ದು ರಾಗಿ, ಹುರುಳಿ, ಕಡಲೆಕಾಯಿ ಬೆಳೆದು ಗಾಡಿಯಲ್ಲಿ ತರುತ್ತಿದ್ದರು. ತಂದದ್ದನ್ನು ಇಳಿಸಿ ಅಣ್ಣನ ಮುಂದೆ ನಿಂತುಕೊಂಡೇ ಸುದ್ದಿ ಹೇಳುತ್ತಿದ್ದರು. ನನ್ನ ಅಪ್ಪ ಆ ಪಡಸಾಲೆಯಲ್ಲಿ ಕುಳಿತದ್ದನ್ನು ನಾನು ನೋಡಿಲ್ಲ. ದೊಡ್ಡಪ್ಪ ಮಾತ್ರ ಹೊರಗಡೆ, ಎಲ್ಲಿ ಭಾಷಣಕ್ಕೆ ಹೋದರೂ, ರಾಗಿಯು ರೈತನ ಅಮೃತವೆಂದೂ ತಾವು ರಾಗಿಯಲ್ಲೇ ಬೆಳೆದವರೆಂದೂ ಹೇಳಿ ಬರುತ್ತಿದ್ದರು. ಮುದ್ದೆ ತಿಂದರೆ ಅವರಿಗೆ ಹೊಟ್ಟೆ ಉಬ್ಬರ ಎಂಬುದು ನಮಗೆ ಗೊತ್ತಿತ್ತು.

ಅವರು ಪ್ರಜಾಪ್ರತಿನಿಧಿ ಸಭೆಯ ಸದಸ್ಯರಾಗಿದ್ದರು. ದಸರೆ ಹತ್ತಿರವಾದಂತೆ ಮನೆಯಲ್ಲಿ ಒಂದು ತಾಲೀಮು ಶುರುವಾಗುತ್ತಿತ್ತು. ಕಪ್ಪು ನಿಲುವಂಗಿ ಕೋಟು, ಸರಿಗೆಯ ಪೇಟ ಧರಿಸಿ ಕನ್ನಡಿಯ ಮುಂದೆ ನಿಂತು, ಮಹಾಸ್ವಾಮಿಯವರಿಗೆ ನಮಸ್ಕರಿಸುವಾಗ ಎಷ್ಟು ಬಗ್ಗಬೇಕೆಂದು ಅಭ್ಯಾಸ ಮಾಡುತ್ತಿದ್ದರು. ಒಂದು ಸಲ ಬಗ್ಗಿ, ಅದು ಸಾಲದೆನಿಸಿ ಇನ್ನೂ ಸ್ವಲ್ಪ ಬಗ್ಗಿ, ಪೇಟ ಜಾರಿ ಬಿದ್ದಾಗ ಅಮ್ಮ ಸೆರಗನ್ನು ಬಾಯಿಗೆ ತುರುಕಿಕೊಂಡು ಒಳಗೆ ಓಡಿದ್ದು ನನಗೆ ನೆನಪಿದೆ. ಸಭೆಯಲ್ಲಿ ಅವರು ಕೇಳುತ್ತಿದ್ದದ್ದು ಪಾವಗಡಕ್ಕೆ ರಸ್ತೆ, ಕೊರಟಗೆರೆಗೆ ಒಂದು ಆಸ್ಪತ್ರೆ. ಎರಡೂ ಆಗಲಿಲ್ಲ, ಆಗದ್ದರಿಂದ ಅವರಿಗೆ ಬೇಸರವೂ ಆಗಲಿಲ್ಲ. ಮರುವರ್ಷ ಕೇಳಲು ಅದೇ ಪ್ರಶ್ನೆ ಸಿದ್ಧವಾಗಿರುತ್ತಿತ್ತು. ಪಾವಗಡದ ಕಡೆಯವರು ಜಗಲಿಗೆ ಬಂದರೆ ತೆಲುಗಿನಲ್ಲಿ ಮಾತು, ಶಿರಾದ ವ್ಯಾಪಾರಿಗಳು ಬಂದರೆ ನಡುನಡುವೆ ಉರ್ದು, ತಾಲ್ಲೂಕಿನ ಅಮಲ್ದಾರರು ಬಂದರೆ ಇಂಗ್ಲಿಷು. ಒಂದೊಂದು ಭಾಷೆಯಲ್ಲಿ ಒಂದೊಂದು ಭರವಸೆ. ಯಾರಿಗೆ ಏನು ಹೇಳಿದೆವೆಂದು ಅವರು ತಲೆಯಲ್ಲಿ ಇಟ್ಟುಕೊಳ್ಳುತ್ತಿರಲಿಲ್ಲ. ಭಾಷೆ ಬದಲಾದೊಡನೆ ಹಿಂದಿನದು ಮರೆತುಹೋಗುತ್ತಿತ್ತು.

ಹೆಣ್ಣುಮಕ್ಕಳ ವಿದ್ಯಾಭ್ಯಾಸದ ಬಗ್ಗೆ ಅವರು ಒಮ್ಮೆ ಸಭೆಯಲ್ಲಿ ಸೊಗಸಾಗಿ ಮಾತಾಡಿದರಂತೆ. ನಾನು ಮಿಡ್ಲ್ ಸ್ಕೂಲು ಮುಗಿಸಿದ್ದು ಅದೇ ವರ್ಷ. ಮುಂದೆ ಓದಬೇಕೆಂದರೆ ಹುಡುಗರ ಜೊತೆ ಕೂರಬೇಕು, ನಮ್ಮ ಮನೆತನಕ್ಕೆ ಅದು ತಕ್ಕದ್ದಲ್ಲ ಎಂದು ದೊಡ್ಡಪ್ಪ ತೀರ್ಮಾನಿಸಿದರು. ಅಪ್ಪ ನಿಂತುಕೊಂಡೇ ಹೂಂ ಅಂದರು. ಆ ಹೊತ್ತಿಗೆ ದೊಡ್ಡಪ್ಪನ ಗುಮಾಸ್ತೆ ಬೇರೊಬ್ಬ ವಕೀಲರ ಹತ್ತಿರ ಹೋಗಿಬಿಟ್ಟಿದ್ದ. ನನ್ನ ಅಕ್ಷರ ದುಂಡಾಗಿದೆಯೆಂದು ಮೇಷ್ಟ್ರು ಹೇಳಿದ್ದು ದೊಡ್ಡಪ್ಪನ ಕಿವಿಗೆ ಬಿದ್ದಿತ್ತು. ಹೀಗೆ, ಹುಡುಗರ ಜೊತೆ ಕೂರಬಾರದ ನಾನು ಪಡಸಾಲೆಯಲ್ಲಿ ಅವರ ಮೇಜಿನ ಪಕ್ಕ ಚಾಪೆ ಹಾಸಿಕೊಂಡು ಕೂತೆ. ಅವರು ಹೇಳಿದ್ದನ್ನು ಬರೆಯುವುದು, ಆಮೇಲೆ ಅದಕ್ಕೆ ಇನ್ನೊಂದು ಪ್ರತಿ ತೆಗೆದು ಫೈಲಿಗೆ ಸೇರಿಸುವುದು ನನ್ನ ಕೆಲಸ. ತಮ್ಮ ಬಾಯಿಂದ ಬಂದ ಒಂದು ವಾಕ್ಯವನ್ನೂ ಕಳೆದುಕೊಳ್ಳಲು ಅವರಿಗೆ ಮನಸ್ಸಿರಲಿಲ್ಲ. ಹದಿಮೂರು ವರ್ಷಕ್ಕೆ ನಾನು ಎಷ್ಟು ಬಗೆಯ ಸುಳ್ಳಿಗೆ ಕಾಗುಣಿತ ಕಲಿತೆನೆಂದರೆ, ಮುಂದೆ ನಲವತ್ತು ವರ್ಷ ಪಾಠ ಹೇಳುವಾಗ ಮಕ್ಕಳ ಸುಳ್ಳುಗಳು ನನಗೆ ಬಲು ಮುಗ್ಧವಾಗಿ ಕಾಣುತ್ತಿದ್ದವು.

ದೊಡ್ಡಮ್ಮನ ಹೆಸರು ಗಿರಿಜಮ್ಮ. ಶಿರಾ ತಾಲ್ಲೂಕಿನ ಬರಗೂರಿನ ಒಕ್ಕಲು ಮನೆಯಿಂದ ಬಂದವರು. ಮಕ್ಕಳಿರಲಿಲ್ಲ, ಓದು ಬರೆಹ ಬರುತ್ತಿರಲಿಲ್ಲ. ದೊಡ್ಡಪ್ಪ ನಾಲ್ಕು ಜನರ ಮುಂದೆ ಅವರನ್ನು 'ನಮ್ಮ ಹಳ್ಳಿಯಾಕೆ' ಎನ್ನುತ್ತಿದ್ದರು. ಹೆಚ್ಚು ಮಾತಿನವರಲ್ಲ, ಆದರೆ ಕೇಳಿಸಿಕೊಂಡ ಮಾತನ್ನು ನಂಬುವ ಒಂದು ಅಭ್ಯಾಸ ಅವರಿಗಿತ್ತು. ನಮ್ಮ ಮನೆಯಲ್ಲಿ ಅದಕ್ಕಿಂತ ಅಪಾಯದ ಅಭ್ಯಾಸ ಇನ್ನೊಂದಿರಲಿಲ್ಲ.

ಒಂದು ದಿನ ಮುನ್ಸೀಫರ ಮನೆಯಿಂದ ದೊಡ್ಡಪ್ಪ ಹಳೆಯ ಇಂಗ್ಲಿಷ್ ವಾರಪತ್ರಿಕೆಯೊಂದನ್ನು ತಂದರು. ಅದರಲ್ಲಿ ಐರ್ಲೆಂಡ್ ದೇಶದ ಮಂತ್ರಿಯೊಬ್ಬನ ಚಿತ್ರವಿತ್ತು. ತೆಳ್ಳನೆಯ ಮನುಷ್ಯ, ದುಂಡು ಕನ್ನಡಕ, ಯಾರನ್ನೂ ನೋಡಿ ನಗದ ಮುಖ. ದೊಡ್ಡಪ್ಪ ಆ ಚಿತ್ರವನ್ನು ಕತ್ತರಿಸಿ ಬೀರುವಿನ ಬಾಗಿಲ ಒಳಭಾಗಕ್ಕೆ ಅಂಟಿಸಿದರು. ಹೊರಗೆ ಅಂಟಿಸಿದರೆ ಅಮಲ್ದಾರರು ನೋಡಿಯಾರು. ಆ ದಿನದಿಂದ ಊಟಕ್ಕೆ ಕೂತಾಗಲೆಲ್ಲ ಅವನ ಕಥೆ. ನಮ್ಮ ಹಾಗೆಯೇ ಬ್ರಿಟಿಷರ ಕೈಕೆಳಗಿದ್ದ ದೇಶ, ಇವನು ಇಸ್ಕೂಲು ಮೇಷ್ಟ್ರ ಮಗ, ಸರ್ಕಾರದ ವಿರುದ್ಧ ನಿಂತ, ಹಿಡಿದರು, ಸೆರೆಮನೆಗೆ ಹಾಕಿದರು, ಅಲ್ಲಿ ಉಪವಾಸ ಮಾಡಿದ, ಹೊರಗೆ ಬಂದ, ಅವನನ್ನು ಹಿಡಿದ ಅದೇ ಅಧಿಕಾರಿಗಳು ಅವನಿಗೆ ಸಲಾಮು ಹೊಡೆದರು, ಮಂತ್ರಿಯಾದ. ಹೆಸರನ್ನು ದೊಡ್ಡಪ್ಪ ಒಂದೊಂದು ದಿನ ಒಂದೊಂದು ಥರ ಹೇಳುತ್ತಿದ್ದರು. ಕಥೆಯ ಮೊದಲಿನದ್ದನ್ನೆಲ್ಲ ಒಂದೇ ಉಸಿರಿಗೆ ದಾಟಿ, ಸಲಾಮು ಹೊಡೆಯುವಲ್ಲಿಗೆ ಬಂದಾಗ ನಿಲ್ಲಿಸಿ, ತುಪ್ಪ ಬಡಿಸಿಕೊಂಡು, ನಿಧಾನವಾಗಿ ಸವಿಯುತ್ತಿದ್ದರು. ಬಡಿಸುತ್ತಿದ್ದ ದೊಡ್ಡಮ್ಮ ಒಂದು ದಿನ ಕೇಳಿದರು:

"ಆ ಪುಣ್ಯಾತ್ಮನ ಎಂಡ್ರೂ ಜೈಲಿಗೆ ಹೋಗಿದ್ರಾ?"

ಹೆಂಗಸರಿಗೆ ಅದೆಲ್ಲ ಏಕೆ ಎಂದರು ದೊಡ್ಡಪ್ಪ. ಆಮೇಲೆ, ತಮ್ಮ ಪಾಂಡಿತ್ಯಕ್ಕೆ ಕುಂದು ಬರಬಾರದೆಂದು, ಹೌದು, ಆ ದೇಶದಲ್ಲಿ ಹೆಂಗಸರೂ ಹೋಗಿದ್ದರು, ಉಪವಾಸವನ್ನೂ ಮಾಡಿದ್ದರು ಎಂದು ಸೇರಿಸಿದರು. ದೊಡ್ಡಮ್ಮ ಹೌದಾ ಎಂದು ಒಳಗೆ ಹೋದರು. ಆ ಮಾತನ್ನು ಅವರು ಎಲ್ಲಿಟ್ಟುಕೊಂಡರೋ ನಮಗಾರಿಗೂ ಕಾಣಲಿಲ್ಲ.

ಬ್ರಿಟಿಷರು ದೇಶ ಬಿಟ್ಟ ಆ ಆಗಸ್ಟ್ ತಿಂಗಳು ದೊಡ್ಡಪ್ಪನಿಗೆ ದೊಡ್ಡ ಇಕ್ಕಟ್ಟು ತಂದಿತು. ದೇಶಕ್ಕೆಲ್ಲ ಸ್ವಾತಂತ್ರ್ಯ ಬಂತು, ನಮ್ಮ ಸಂಸ್ಥಾನಕ್ಕೆ ಮಾತ್ರ ಜನ ಆರಿಸಿದ ಜವಾಬ್ದಾರಿ ಸರ್ಕಾರ ಬರಲಿಲ್ಲ. ಅದು ಬೇಕೆಂದು ಊರೂರಿನಲ್ಲಿ ಮೆರವಣಿಗೆ ಎದ್ದಿತು. ಅರಮನೆ ಗೆಲ್ಲುತ್ತದೋ ಚಳವಳಿ ಗೆಲ್ಲುತ್ತದೋ ಎಂದು ಊಹಿಸಲಾರದೆ ದೊಡ್ಡಪ್ಪ ಎರಡೂ ಕಡೆಯ ಬಾವುಟಗಳನ್ನು ತರಿಸಿ, ಎರಡನ್ನೂ ಮಡಿಸಿ ಪೆಟ್ಟಿಗೆಯಲ್ಲಿಟ್ಟರು. ಆಮೇಲೆ ಬೆಂಗಳೂರಿಗೆ ಹೋಗಿ ಒಬ್ಬ ನೆಂಟರ ಮನೆಯಲ್ಲಿ ಕೂತು ಗಾಳಿ ಎತ್ತ ಬೀಸುತ್ತದೆಂದು ನೋಡತೊಡಗಿದರು.

ಅವರು ಅಲ್ಲಿದ್ದಾಗಲೇ ಒಂದು ಬೆಳಿಗ್ಗೆ ನಮ್ಮ ಬೀದಿಯಲ್ಲಿ ಮೆರವಣಿಗೆ ಬಂತು. ಕಂಬಳಿ ನೇಯುವವರು, ಕೂಲಿಯವರು, ಹೈಸ್ಕೂಲು ಹುಡುಗರು, ಒಬ್ಬಿಬ್ಬರು ಅಂಗಡಿಯವರು. ಹೆಂಗಸರು ಯಾರೂ ಇರಲಿಲ್ಲ. ದೊಡ್ಡಮ್ಮ ಬಾಗಿಲಿಗೆ ಬಂದು ನೋಡಿದರು. ಅವರ ಕೈಗೆ ರಾಗಿ ಹಿಟ್ಟು ಮೆತ್ತಿತ್ತು. ಒಳಗೆ ಹೋಗಿ ಕೈ ತೊಳೆದು, ಸೆರಗನ್ನು ಸೊಂಟಕ್ಕೆ ಸಿಕ್ಕಿಸಿಕೊಂಡು ಬಂದು ಅಮ್ಮನಿಗೆ ಹೇಳಿದರು:

"ಸಾರಿಗೆ ಉಪ್ಪು ಹಾಕಿಲ್ಲ, ನೀನು ನೋಡ್ಕಳವ್ವ. ನಾನು ಇವ್ರ ಜೊತೆ ಹೋಗ್ಬತ್ತೀನಿ."

ಅಮ್ಮ ತಡೆಯಲಿಲ್ಲ. ತಡೆಯಬೇಕೆಂದು ಅರ್ಥವಾಗುವಷ್ಟರಲ್ಲಿ ದೊಡ್ಡಮ್ಮ ಬೀದಿಯ ತಿರುವಿನಲ್ಲಿದ್ದರು. ನಾನು ಹಿಂದೆ ಓಡಿದೆ. ತಾಲ್ಲೂಕು ಕಚೇರಿಯ ಮೆಟ್ಟಿಲ ಮೇಲೆ ಎಲ್ಲರೂ ಕೂತರು. ದೊಡ್ಡಮ್ಮ ಮೊದಲನೇ ಮೆಟ್ಟಿಲ ಮೇಲೆ, ಹುಣಸೆಹಣ್ಣು ಬಿಡಿಸಲು ಕೂತ ಹಾಗೆ, ನಿರಾಳವಾಗಿ ಕೂತರು. ಪೊಲೀಸರು ಬಂದು ಏಳಿ ಅಂದರು. ಇನ್‌ಸ್ಪೆಕ್ಟರು ವಕೀಲರ ಹೆಂಡತಿಯ ಗುರುತು ಹಿಡಿದು, ತಾಯಿ, ನೀವು ಮನೆಗೆ ಹೋಗಿ ಎಂದು ಮೆಲ್ಲಗೆ ಹೇಳಿದರು. ಇವರೆಲ್ಲ ಹೋದರೆ ನಾನೂ ಹೋಗುತ್ತೇನೆ ಎಂದರು ದೊಡ್ಡಮ್ಮ. ಮಧ್ಯಾಹ್ನ ಅವರನ್ನೂ ಉಳಿದವರನ್ನೂ ವ್ಯಾನು ಹತ್ತಿಸಿ ತುಮಕೂರಿಗೆ ಕರೆದುಕೊಂಡು ಹೋದರು. ವ್ಯಾನಿನ ಕಂಬಿಯ ಹಿಂದಿನಿಂದ ಅವರು ನನಗೆ ಕೈಸನ್ನೆ ಮಾಡಿದರು: ಬಿಸಿಲು, ತಲೆಗೆ ಬಟ್ಟೆ ಹಾಕಿಕೊ.

ಮರುದಿನದ ಬಸ್ಸಿಗೆ ದೊಡ್ಡಪ್ಪ ಬಂದಿಳಿದರು. ಅಂಥ ಸಿಟ್ಟನ್ನು ನಾನು ಅವರಲ್ಲಿ ನೋಡಿರಲಿಲ್ಲ. ಅಪ್ಪನನ್ನು ಬೈದರು, ಅಮ್ಮನನ್ನು ಬೈದರು, ಬರಗೂರಿನ ಇಡೀ ಊರನ್ನು ಬೈದರು. ಹೆಂಡತಿ ಅಲ್ಲಿ ಏನು ತಿಂದಳೋ ಎಲ್ಲಿ ಮಲಗಿದಳೋ ಎಂದು ಒಂದು ಮಾತು ಕೇಳಲಿಲ್ಲ. ಕುರ್ಚಿಯಲ್ಲಿ ಕೂತು ನನ್ನನ್ನು ಕರೆದು ಬರೆದುಕೊ ಎಂದರು. ಪತ್ರ ಅಮಲ್ದಾರರಿಗೆ. ಅದರ ನಡುವಿನ ಭಾಗ ನನಗೆ ಇಂದಿಗೂ ಬಾಯಿಪಾಠ:

"ನನ್ನ ಧರ್ಮಪತ್ನಿಯು ಕೆಲವು ವರ್ಷಗಳಿಂದ ಚಿತ್ತಭ್ರಮಣೆಗೆ ಒಳಗಾಗಿದ್ದು, ತಾನು ಏನು ಮಾಡುತ್ತಿರುವೆನೆಂಬ ಪರಿಜ್ಞಾನ ಇಲ್ಲದವಳಾಗಿರುತ್ತಾಳೆ. ಆಕೆಯ ಕೃತ್ಯಕ್ಕೂ ನನಗೂ, ನನ್ನ ರಾಜನಿಷ್ಠೆಗೂ, ಯಾವ ಸಂಬಂಧವೂ ಇರುವುದಿಲ್ಲ."

'ಚಿತ್ತಭ್ರಮಣೆ' ಎಂಬ ಪದವನ್ನು ನಾನು ಮೊದಲು ಕೇಳಿರಲಿಲ್ಲ. ಹೇಗೆ ಬರೆಯುವುದು ಎಂದು ಕೇಳಿದೆ. ಅವರು ಬಿಡಿಸಿ ಹೇಳಿದರು. ಬರೆದು ತೋರಿಸಿದಾಗ, ಒಂದು ಒತ್ತಕ್ಷರವೂ ತಪ್ಪಿಲ್ಲವೆಂದು ಮೆಚ್ಚಿ ಬೆನ್ನು ತಟ್ಟಿದರು. ಅವರು ನನ್ನನ್ನು ಹೊಗಳಿದ್ದು ಅದೇ ಮೊದಲು. ನನಗೆ ಸಂತೋಷವಾಯಿತು. ಇದನ್ನು ಬರೆಯದೆ ದಾಟಿಬಿಡಬಹುದಿತ್ತು. ಆದರೆ ಅವರ ಬಗ್ಗೆ ಇಷ್ಟು ಬರೆದು ನನ್ನದನ್ನು ಮುಚ್ಚಿಟ್ಟರೆ ನಾನೂ ಅವರ ಗುಮಾಸ್ತೆಯಾಗಿಯೇ ಉಳಿದಂತೆ. ಪದದ ಅರ್ಥ ಏನೆಂದು ಎರಡನೆಯ ಪ್ರತಿ ತೆಗೆಯುವಾಗ ಹೊಳೆಯಿತು. ಆಗಲೂ ಕೈ ನಿಲ್ಲಲಿಲ್ಲ; ಪ್ರತಿ ಮುಗಿಸಿ, ಅದಕ್ಕೂ ಅವರ ಸಹಿ ಹಾಕಿಸಿ, ದಾರ ಪೋಣಿಸಿ, ಫೈಲಿಗೆ ಸೇರಿಸಿದೆ.

ಒಂದು ವಾರಕ್ಕೆ ದೊಡ್ಡಮ್ಮನನ್ನು ಬಿಟ್ಟರು. ಅವರೊಬ್ಬರನ್ನೇ. ಜೊತೆಗೆ ಹೋದವರೆಲ್ಲ ಇನ್ನೂ ಒಳಗಿದ್ದರು. ತುಮಕೂರಿನಿಂದ ಕೊರಟಗೆರೆ ಮೇಲೆ ಬರುವ ಇದ್ದಿಲು ಗ್ಯಾಸಿನ ಬಸ್ಸಿನಲ್ಲಿ ಒಬ್ಬರೇ ಬಂದಿಳಿದರು. ತಾವು ಮಾತ್ರ ಏಕೆ ಹೊರಗೆ ಬಂದೆವೆಂದು ಅವರಿಗೇ ತಿಳಿಯದು. ಆದರೆ ಊರಿಗೆ ಅನುಮಾನವಿರಲಿಲ್ಲ: ವಕೀಲರ ಹೆಂಡತಿ ತಪ್ಪೊಪ್ಪಿಗೆ ಬರೆದುಕೊಟ್ಟು ಬಿಡಿಸಿಕೊಂಡಳು. ಬಾವಿಯ ಹತ್ತಿರ ನೇಕಾರರ ಹೆಂಗಸರು, ಯಾರ ಗಂಡಂದಿರು ಇನ್ನೂ ಜೈಲಿನಲ್ಲಿದ್ದರೋ ಅವರು, ದೊಡ್ಡಮ್ಮನನ್ನು ಕಂಡು ಕೊಡ ಎತ್ತಿಕೊಂಡು ಸರಿದು ನಿಂತರು. ದೊಡ್ಡಮ್ಮ ಅರ್ಧ ಕೊಡ ನೀರಿಗೇ ತಿರುಗಿ ಬಂದು, ಆಮೇಲೆ ಬಾವಿಗೆ ಹೋಗಲಿಲ್ಲ. ನನ್ನನ್ನು ಒಮ್ಮೆ ಕೇಳಿದರು, ನಿಮ್ಮ ದೊಡ್ಡಪ್ಪ ಏನಾದರೂ ಬರೆಸಿದರೇನವ್ವ ಎಂದು. ನನಗೆ ಗೊತ್ತಿಲ್ಲ ಎಂದೆ.

ಅಕ್ಟೋಬರಿನಲ್ಲಿ ಒಪ್ಪಂದವಾಯಿತು, ಚಳವಳಿ ಗೆದ್ದಿತು. ಜೈಲಿನಿಂದ ಬಂದವರಿಗೆ ಬಸ್‌ಸ್ಟ್ಯಾಂಡಿನಲ್ಲಿ ಹಾರ ಹಾಕಿದರು. ಅವತ್ತು ಬೆಳಿಗ್ಗೆ ಪೆಟ್ಟಿಗೆಯಲ್ಲಿದ್ದ ಎರಡು ಬಾವುಟಗಳಲ್ಲಿ ಒಂದು ನಮ್ಮ ಮನೆಯ ಮೇಲೆ ಏರಿತು. ಸರಿಗೆಯ ಪೇಟ ಒಳಗೆ ಹೋಗಿ, ಖಾದಿ ಜುಬ್ಬ, ಬಿಳಿ ಟೋಪಿ ಹೊರಗೆ ಬಂದವು. ಐರ್ಲೆಂಡಿನ ಮಂತ್ರಿಯನ್ನು ಬೀರುವಿನ ಒಳಬಾಗಿಲಿನಿಂದ ಕಿತ್ತು ಗಾಜು ಹಾಕಿಸಿ ಪಡಸಾಲೆಯ ಗೋಡೆಗೆ ತೂಗುಹಾಕಿದರು. ಹೊಸ ಸರ್ಕಾರಕ್ಕೆ ಮಂತ್ರಿಗಳು ಬೇಕಿತ್ತು. ಯಾವ ಸೀಮೆಯಿಂದ ಯಾರು, ಯಾವ ಜಾತಿಯಿಂದ ಯಾರು ಎಂದು ಬೆಂಗಳೂರಿನಲ್ಲಿ ದಿನಗಟ್ಟಲೆ ಮಾತುಕತೆ ನಡೆಯಿತು. ನಮ್ಮ ಬಯಲುಸೀಮೆಯ ತಾಲ್ಲೂಕುಗಳಿಂದ ನಿಜವಾಗಿ ಜೈಲಿಗೆ ಹೋದವರು ನೇಕಾರರು ಮತ್ತು ಕೂಲಿಯವರು. ಅವರನ್ನು ಮಂತ್ರಿ ಮಾಡುವ ಯೋಚನೆ ಯಾರಿಗೂ ಬರಲಿಲ್ಲ. ದೊಡ್ಡಪ್ಪನಿಗೆ ಜಾತಿಯಿತ್ತು, ಕಾನೂನಿನ ಡಿಗ್ರಿಯಿತ್ತು, ಸಭೆಯಲ್ಲಿ ಕೂತ ಅನುಭವವಿತ್ತು. ಇಲ್ಲದ್ದು ಜೈಲು ಒಂದೇ. ಬೆಂಗಳೂರಿನಿಂದ ಇಬ್ಬರು ಮುಖಂಡರು ಮನೆಗೆ ಬಂದಾಗ, ಬಾಗಿಲ ಹಿಂದೆ ನಿಂತು ನಾನು, ಅಮ್ಮ, ದೊಡ್ಡಮ್ಮ ಮೂವರೂ ಕೇಳಿಸಿಕೊಂಡೆವು. ದೊಡ್ಡಪ್ಪ ಹೇಳುತ್ತಿದ್ದರು: ನಾನು ಸಭೆಯೊಳಗಿದ್ದು ಹೋರಾಡಬೇಕಾಗಿತ್ತು, ಅದಕ್ಕಾಗಿ ನನ್ನ ಮನೆಯಾಕೆಯನ್ನೇ ಮುಂದೆ ಕಳಿಸಿದೆ. ಧ್ವನಿ ಸ್ವಲ್ಪ ನಡುಗಿಸಿದರು. ಕೋರ್ಟಿನಲ್ಲಿ ವಿಧವೆಯರ ಪರ ವಾದಿಸುವಾಗ ಹೀಗೆಯೇ ನಡುಗಿಸುತ್ತಿದ್ದರಂತೆ. ಮುಖಂಡರು ಬಾಗಿಲ ಕಡೆ ತಿರುಗಿ ಕೈಮುಗಿದರು. ದೊಡ್ಡಮ್ಮ ಹಿತ್ತಿಲಿಗೆ ಹೋದರು.

ನಾನು ಅಲ್ಲಿಗೆ ಹೋದಾಗ ಅವರು ಹೊಸ ಕಡಲೆಕಾಯಿಯ ಗಿಡದಿಂದ ಕಾಯಿ ಬಿಡಿಸುತ್ತ ಕೂತಿದ್ದರು. ತಲೆ ಎತ್ತದೆ ಹೇಳಿದರು:

"ಗೌರಿ, ನಿಂಗೆ ಗೊತ್ತೈತೆ. ನಾನು ಬಂದಾಗ್ನಿಂದ ನನ್ನ ಮುಖ ನೋಡಿ ಮಾತಾಡ್ತಿಲ್ಲ ನೀನು."

ನಾನು ಪಡಸಾಲೆಗೆ ಹೋದೆ. ದೊಡ್ಡಪ್ಪ ಮುಖಂಡರನ್ನು ಕಳಿಸಲು ಬಸ್‌ಸ್ಟ್ಯಾಂಡಿಗೆ ಹೋಗಿದ್ದರು. ಫೈಲಿನ ದಾರ ಬಿಚ್ಚಿ ಆ ಒಂದು ಹಾಳೆಯನ್ನು ತೆಗೆದುಕೊಂಡು ಬಂದು, ಅವರ ಮುಂದೆ ಕುಕ್ಕರಗಾಲಿನಲ್ಲಿ ಕೂತು ಓದಿದೆ. ಚಿತ್ತಭ್ರಮಣೆ ಎಂಬಲ್ಲಿ ನಿಂತೆ. ಅಂದರೆ ಏನು ಎಂದರು. ಹುಚ್ಚು ಎಂದೆ. ಕಾಯಿ ಬಿಡಿಸುತ್ತಿದ್ದ ಕೈ ನಿಂತಿತು. ಹಾಳೆಯನ್ನು ತಮ್ಮ ಕಡೆ ತಿರುಗಿಸಿಕೊಂಡು, ಅಕ್ಷರ ಬಾರದ ಅವರು, ಬಹಳ ಹೊತ್ತು ನೋಡಿದರು.

"ಅವ್ರು ಬರ್ದದ್ದು ಇಂಗಿರಲ್ಲ. ಇದು ನಿನ್ನ ಅಕ್ಸರ ಅಲ್ವೇನವ್ವ?"

ಹೌದೆಂದು ತಲೆ ಆಡಿಸಿದೆ. ಅವರು ಬೈಯಲಿಲ್ಲ, ಅಳಲಿಲ್ಲ. ಮುಂದಕ್ಕೆ ಓದು ಎಂದರು. ರಾಜನಿಷ್ಠೆಯವರೆಗೂ, ದೊಡ್ಡಪ್ಪನ ಸಹಿಯವರೆಗೂ ಓದಿದೆ. ಮುಗಿದ ಮೇಲೆ ಅದನ್ನು ನನ್ನ ಕೈಗೇ ಕೊಟ್ಟು, ಜೋಪಾನವಾಗಿ ಇಟ್ಟುಕೊ ಎಂದು ಮತ್ತೆ ಕಾಯಿ ಬಿಡಿಸತೊಡಗಿದರು. ಬಾವಿಯ ಹತ್ತಿರ ಹೆಂಗಸರು ಅಂದುಕೊಂಡದ್ದು ಸುಳ್ಳು ಎಂದು ಅವರಿಗೆ ಹೇಳಿ ಬರಲೇ ಎಂದು ಕೇಳಿದೆ. ತಪ್ಪೊಪ್ಪಿಗೆ ಬರೆದುಕೊಟ್ಟವಳಲ್ಲ, ಹುಚ್ಚಿ ಅಂತ ಹೇಳಿ ಬರುತ್ತೀಯಾ ಎಂದರು.

ದೊಡ್ಡಪ್ಪ ಮಂತ್ರಿಯಾದರು. ಖಾತೆ ಯಾವುದೆಂದು ಬರೆಯಲು ನನಗೆ ಮನಸ್ಸಿಲ್ಲ. ಅವರಿಗೆ ಎಲ್ಲವೂ ಒಂದೇ ಆಗಿತ್ತು. ಊರಿನವರು ಸ್ಕೂಲು ಮೈದಾನದಲ್ಲಿ ಸನ್ಮಾನ ಏರ್ಪಡಿಸಿದರು. ಸುತ್ತಲಿನ ನಾಲ್ಕೂ ತಾಲ್ಲೂಕುಗಳಿಂದ ಜನ ಬಂದಿದ್ದರು. ಎರಡು ತಿಂಗಳ ಹಿಂದೆ ದೊಡ್ಡಮ್ಮನನ್ನು ವ್ಯಾನು ಹತ್ತಿಸಿದ ಇನ್‌ಸ್ಪೆಕ್ಟರು ಮೆಟ್ಟಿಲ ಹತ್ತಿರ ನಿಂತು ಸಲಾಮು ಹೊಡೆದರು. ದೊಡ್ಡಪ್ಪ ಅದನ್ನು ಸ್ವೀಕರಿಸಿದ ರೀತಿ ನೋಡಿದರೆ, ಅದಕ್ಕೂ ಕನ್ನಡಿಯ ಮುಂದೆ ಅಭ್ಯಾಸ ಮಾಡಿದ್ದರೆಂದು ನನಗೆ ಖಾತ್ರಿಯಾಯಿತು. ಭಾಷಣದಲ್ಲಿ ಐರ್ಲೆಂಡ್ ಬಂತು, ತ್ಯಾಗ ಬಂತು, ರಾಗಿ ಬಂತು. ಕೊನೆಗೆ ಸ್ವಾಗತ ಸಮಿತಿಯವರು ದೊಡ್ಡಮ್ಮನನ್ನು ವೇದಿಕೆಗೆ ಕರೆದು, ಮಂತ್ರಿಗಳಿಗೆ ಹಾರ ಹಾಕಿ ಎರಡು ಮಾತು ಆಡಬೇಕೆಂದು ಕೇಳಿಕೊಂಡರು. ದೊಡ್ಡಮ್ಮ ಹತ್ತಿದರು. ಕೈಗೆ ಕೊಟ್ಟ ಹಾರವನ್ನು ಮೇಜಿನ ಮೇಲಿಟ್ಟರು. ಜನರನ್ನು ಸ್ವಲ್ಪ ಹೊತ್ತು ನೋಡಿ, ಅಡುಗೆಮನೆಯಲ್ಲಿ ಮಾತಾಡುವಷ್ಟೇ ಧ್ವನಿಯಲ್ಲಿ ಹೇಳಿದರು:

"ನಾನು ತಪ್ಪಾಯ್ತು ಅಂತ ಯಾರ್ಗೂ ಬರ್ಕೊಟ್ಟಿಲ್ಲ ಕಣ್ರಪ್ಪ. ನಂಗೆ ಹುಚ್ಚು ಅಂತ ಇವ್ರೇ ಬರ್ಕೊಟ್ಟು ಬುಡಿಸ್ಕಂಡು ಬಂದವ್ರೆ. ಹುಚ್ಚಿ ಕೈಲಿ ಹಾರ ಯಾಕೆ ಹಾಕಿಸ್ಕತೀರಾ?"

ದೊಡ್ಡಪ್ಪನ ಮುಖದಿಂದ ಬಣ್ಣ ಇಳಿದದ್ದನ್ನು ನಾನು ನೋಡಿದೆ. ಇವತ್ತಿಗೆ ಮುಗಿಯಿತು ಎಂದುಕೊಂಡೆ. ನನಗೆ ಆಗ ಹದಿಮೂರು. ನಿಜವನ್ನು ಹೇಳಿಬಿಟ್ಟರೆ ಸುಳ್ಳು ತಾನಾಗಿಯೇ ಬಿದ್ದುಹೋಗುತ್ತದೆಂದು ತಿಳಿದಿದ್ದ ವಯಸ್ಸು. ದೊಡ್ಡಪ್ಪ ಎದ್ದು ಮುಂದೆ ಬಂದರು. ಎರಡೂ ಕೈ ಮೇಲೆತ್ತಿದರು.

"ಹೌದು ಮಹಾಜನಗಳೇ, ಹುಚ್ಚು. ದೇಶದ ಹುಚ್ಚು. ಈ ಹುಚ್ಚು ನಮ್ಮ ಇಡೀ ಮನೆಗೇ ಹಿಡಿದಿದೆ."

ಚಪ್ಪಾಳೆ ಬಿತ್ತು. ಆಮೇಲೆ ನಗು, ಮತ್ತೆ ಚಪ್ಪಾಳೆ. ಶಿರಾದ ಕಡೆಯವರು ವಾಹ್ ಎಂದರು. ಸ್ವಾಗತ ಸಮಿತಿಯ ಅಧ್ಯಕ್ಷರು ಕಣ್ಣು ಒರೆಸಿಕೊಂಡರು. ದೊಡ್ಡಪ್ಪ ಮೇಜಿನ ಮೇಲಿದ್ದ ಹಾರವನ್ನು ತಾವೇ ಎತ್ತಿ ದೊಡ್ಡಮ್ಮನ ಕೊರಳಿಗೆ ಹಾಕಿದರು. ಚಪ್ಪಾಳೆ ಇನ್ನೂ ಜೋರಾಯಿತು. ನಾನು ಜನರನ್ನು ನೋಡುತ್ತಿದ್ದೆ. ಅವರಲ್ಲಿ ಹಲವರಿಗೆ ದೊಡ್ಡಪ್ಪ ಎಂಥವರೆಂದು ನಮ್ಮಷ್ಟೇ ಚೆನ್ನಾಗಿ ಗೊತ್ತಿತ್ತು. ಆದರೂ ತಟ್ಟಿದರು. ಅವರ ಊರಿಗೆ ಒಬ್ಬ ಮಂತ್ರಿ ಸಿಕ್ಕಿದ್ದ. ಆ ಸಂಭ್ರಮ ಕೆಡುವುದು ಅವರಿಗೂ ಬೇಕಿರಲಿಲ್ಲ. ಹಿಂದಿನ ಸಾಲಿನಲ್ಲಿ ನಿಂತಿದ್ದ ನೇಕಾರರ ಹೆಂಗಸರಲ್ಲಿ ಇಬ್ಬರು ಮಾತ್ರ ತಟ್ಟಲಿಲ್ಲ. ದೊಡ್ಡಮ್ಮ ವೇದಿಕೆ ಇಳಿದು ಆ ಕಡೆಯಿಂದಲೇ ನಡೆದು ಹೋದರು. ಆ ಇಬ್ಬರೂ ಅವರ ಜೊತೆ ಹೋದರು. ಮನೆಗೆ ಬಂದ ದೊಡ್ಡಮ್ಮ ಎರಡು ಸೀರೆ ಗಂಟು ಕಟ್ಟಿಕೊಂಡು, ಅಮ್ಮನಿಗೆ ಹೇಳಿ, ಶಿರಾದ ಬಸ್ಸು ಹತ್ತಿದರು. ದೊಡ್ಡಪ್ಪ ಮೈದಾನದಲ್ಲಿ ಇನ್ನೂ ಹಾರ ಹಾಕಿಸಿಕೊಳ್ಳುತ್ತಿದ್ದರು.

ಎರಡು ದಿನ ಕಳೆದ ಮೇಲೆ ಅವರು ಫೈಲು ತೆಗೆದು ನೋಡಿದರು. ನನ್ನನ್ನು ಕರೆದರು. ನಾನು ಬೈಗುಳಕ್ಕೆ ಸಿದ್ಧಳಾಗಿ ಹೋದೆ. ಅವರು ಕುರ್ಚಿ ತೋರಿಸಿ ಕೂರು ಎಂದರು. ಆ ಪಡಸಾಲೆಯಲ್ಲಿ ನಮ್ಮ ಮನೆಯವರೊಬ್ಬರಿಗೆ ಕುರ್ಚಿ ಸಿಕ್ಕಿದ್ದು ಅದೇ ಮೊದಲು. ನೀನು ಬುದ್ಧಿವಂತೆ, ನಿನ್ನ ಓದು ನಿಂತದ್ದು ನನಗೆ ಒಳಗೊಳಗೇ ನೋವು ಎಂದರು. ಬೆಂಗಳೂರಿನಲ್ಲಿ ಸರ್ಕಾರಿ ಬಂಗಲೆ ಕೊಡುತ್ತಾರೆ. ನೀನೂ ಬಾ, ಒಳ್ಳೆಯ ಹೆಣ್ಣುಮಕ್ಕಳ ಶಾಲೆಗೆ ಸೇರಿಸುತ್ತೇನೆ. ವರ್ಷದ ನಡುವೆ ಸೇರಿಸಿಕೊಳ್ಳುವುದಿಲ್ಲವೆಂದು ಮಂತ್ರಿಗೆ ಯಾರೂ ಹೇಳುವುದಿಲ್ಲ ಎಂದರು. ಆಮೇಲೆ, ಏನೋ ಮರೆತಿದ್ದವರ ಹಾಗೆ, ಫೈಲಿನಲ್ಲಿ ಒಂದು ಹಾಳೆ ಕಾಣುತ್ತಿಲ್ಲ, ನಿನ್ನ ಹತ್ತಿರ ಇದ್ದರೆ ತಂದುಕೊಡು ಎಂದರು. ನಾನು ಕೂತಲ್ಲೇ ಕೂತಿದ್ದೆ. ಶಾಲೆ ಎಂಬ ಮಾತು ಕಿವಿಗೆ ಬಿದ್ದ ಮೇಲೆ ಉಳಿದದ್ದೆಲ್ಲ ದೂರದಿಂದ ಕೇಳಿಸುತ್ತಿತ್ತು. ಬಾಗಿಲ ಹಿಂದೆ ಅಮ್ಮ ನಿಂತಿರುವುದು ನನಗೆ ಗೊತ್ತಿತ್ತು. ಅವರು ಏನಾದರೂ ಹೇಳಲಿ ಎಂದು ಕಾದೆ. ಹೇಳಲಿಲ್ಲ. ಎದ್ದು ಹೋಗಿ, ನನ್ನ ಬಟ್ಟೆಗಳ ಕೆಳಗಿಟ್ಟಿದ್ದ ಹಾಳೆಯನ್ನು ತಂದು ಮೇಜಿನ ಮೇಲಿಟ್ಟೆ. ಅವರು ಅದನ್ನು ಓದಲೂ ಇಲ್ಲ. ನಾಲ್ಕಾಗಿ ಹರಿದು ಒಲೆಗೆ ಹಾಕಿಸಿದರು. ಟ್ರಂಕು ತರಿಸುತ್ತೇನೆ, ಬಟ್ಟೆ ಜೋಡಿಸಿಕೊ ಎಂದರು. ನಾನು ಜೋಡಿಸಿಕೊಂಡೆ.

ಹೊರಡುವ ಮುಂಚೆ ದೊಡ್ಡಮ್ಮನಿಗೆ ಹೇಳಿ ಬರಬೇಕೆಂದು ಅಪ್ಪನನ್ನು ಕಾಡಿದೆ. ಅಪ್ಪ ತಮ್ಮ ಅಣ್ಣನಿಗೆ ತಿಳಿಸದೆ ಮಾಡಿದ ಒಂದೇ ಕೆಲಸ ಅದು. ನನ್ನನ್ನು ಬರಗೂರಿಗೆ ಕರೆದುಕೊಂಡು ಹೋದರು. ದೊಡ್ಡಮ್ಮ ತಮ್ಮ ಅಣ್ಣನ ಹೊಲದಲ್ಲಿ ರಾಗಿ ಕೊಯ್ಯುವವರ ಸಾಲಿನಲ್ಲಿದ್ದರು. ಬಿಸಿಲಿಗೆ ಮುಖ ಕಪ್ಪಾಗಿತ್ತು, ಕೈಯಲ್ಲಿ ಕುಡುಗೋಲು. ಅಪ್ಪ ಬದುವಿನ ಮೇಲೆ ನಿಂತರು. ನಾನೊಬ್ಬಳೇ ಸಾಲಿನ ತನಕ ಹೋದೆ. ಬೆಂಗಳೂರಿಗೆ ಹೋಗುತ್ತಿದ್ದೇನೆ ಎಂದೆ. ಆ ಕಾಗದ ದೊಡ್ಡಪ್ಪನಿಗೆ ಕೊಟ್ಟುಬಿಟ್ಟೆ, ಸುಟ್ಟರು ಎಂದೆ. ದೊಡ್ಡಮ್ಮ ನೆಟ್ಟಗೆ ನಿಂತು ನನ್ನನ್ನು ನೋಡಿದರು.

"ಕೊಟ್ಟಾ? ಅದುಕ್ಕೆ ಏನು ಕೊಟ್ಟ ಅವ್ನು?"

ದೊಡ್ಡಪ್ಪನನ್ನು ಅವರು ಏಕವಚನದಲ್ಲಿ ಕರೆದದ್ದನ್ನು ನಾನು ಕೇಳಿದ್ದು ಅದೇ ಮೊದಲು. ಸ್ಕೂಲಿಗೆ ಸೇರಿಸುತ್ತಾರೆ ಎಂದೆ. ಎಷ್ಟು ವರ್ಷ ಎಂದರು. ಹೈಸ್ಕೂಲು ಮುಗಿಯುವವರೆಗೆ, ಮೂರು ವರ್ಷ ಎಂದೆ. ಅವರು ಕುಡುಗೋಲನ್ನು ಎಡಗೈಗೆ ಬದಲಾಯಿಸಿಕೊಂಡು, ಸೆರಗಿನಿಂದ ನನ್ನ ಮುಖದ ಬೆವರು ಒರೆಸಿದರು.

"ಕಮ್ಮಿಯಾಯ್ತು ಕಣವ್ವ. ಇನ್ನೊಂದು ನಾಕ್ ವರ್ಸ ಕೇಳ್ಬೇಕಾಗಿತ್ತು. ಹೋಗು, ಹೋಗಿ ಕೇಳು."

ಎಂದು ಹೇಳಿ ಬಗ್ಗಿ ಮುಂದಿನ ರಾಗಿಯ ತೆಂಡೆ ಹಿಡಿದರು. ನಾನು ಹೋಗಿ ಕೇಳಿದೆ. ದೊಡ್ಡಪ್ಪ ಕೊಟ್ಟರು.